ತುಟಿ ನೋಡಿ ಮಾತು ಹಿಡಿದ ಬಾಲಣ್ಣ

ಎದುರಿಗೆ ನಿಂತವರ ಮಾತು ಕಿವಿಗೆ ಬೀಳದ ನಟರೊಬ್ಬರು ಅರ್ಧ ಶತಮಾನದ ಕಾಲ ಮಾತಿನ ಚಿತ್ರಗಳಲ್ಲಿ ದುಡಿದರು. ಅವರು ಟಿ.ಎನ್. ಬಾಲಕೃಷ್ಣ, ಕನ್ನಡದ ಮಂದಿಗೆ ಬಾಲಣ್ಣ. 1911ರಲ್ಲಿ ಅರಸೀಕೆರೆಯ ಬಡ ಮನೆಯಲ್ಲಿ ಹುಟ್ಟಿ, ವೃತ್ತಿ ರಂಗಭೂಮಿಯಲ್ಲಿ ಪಳಗಿ, 1943ರ ‘ರಾಧಾ ರಮಣ’ದಿಂದ ತೆರೆಗೆ ಬಂದವರು. 1995ರ ಜುಲೈ 19ರಂದು ತೀರಿಕೊಳ್ಳುವ ಹೊತ್ತಿಗೆ ಐನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಮುಖ ತೋರಿಸಿದ್ದರು. ಅವರಿಗಾಗಿಯೇ ಟಿಕೆಟ್ ಕೊಂಡವರು ಕಡಿಮೆ. ಆದರೆ ಅವರು ತೆರೆಯ ಮೇಲೆ ಬಂದಾಗ ಎದ್ದು ಹೊರಗೆ ಹೋದವರು ಅದಕ್ಕಿಂತ ಕಡಿಮೆ.

ಕಿವಿ ಕೇಳಿಸದವರು ಸಂಭಾಷಣೆ ಹೇಳಿದ್ದು ಹೇಗೆ? ಸಹನಟರ ತುಟಿಯ ಚಲನೆ ನೋಡಿ ಮಾತು ಹಿಡಿಯುತ್ತಿದ್ದರು ಎಂಬ ಉತ್ತರವನ್ನು ಕನ್ನಡ ಸಿನಿಮಾ ಬಲ್ಲ ಯಾರಾದರೂ ಹೇಳುತ್ತಾರೆ. ಕೇಳಿದವರು ‘ಎಂಥಾ ಆಶ್ಚರ್ಯ’ ಎಂದು ಮಾತು ಮುಗಿಸುತ್ತಾರೆ. ಗದಗ-ಬೆಟಗೇರಿಯಲ್ಲಿ ಮಾತು ಅಲ್ಲಿಗೆ ಮುಗಿಯಬಾರದು. ಈ ಊರಿನ ವೀರೇಶ್ವರ ಪುಣ್ಯಾಶ್ರಮದಲ್ಲಿ ಕಣ್ಣಿಲ್ಲದ ಹುಡುಗರು ತಲೆಮಾರುಗಳಿಂದ ಹಾಡು, ತಬಲಾ, ಪಿಟೀಲು, ಹಾರ್ಮೋನಿಯಂ ಕಲಿಯುತ್ತ ಬಂದಿದ್ದಾರೆ. ಆಶ್ರಮದ ಗುರು ಪಂಚಾಕ್ಷರ ಗವಾಯಿಗಳಿಗೆ ಕಣ್ಣು ಕಾಣುತ್ತಿರಲಿಲ್ಲ, ಅವರ ಶಿಷ್ಯ ಪುಟ್ಟರಾಜ ಗವಾಯಿಗಳಿಗೂ ಕಾಣುತ್ತಿರಲಿಲ್ಲ. ಪುಟ್ಟರಾಜರು ಹತ್ತಾರು ವಾದ್ಯ ನುಡಿಸಿದರು, ಪುರಾಣ ಬರೆದರು, ನಾಟಕ ಬರೆದರು. ಆಶ್ರಮದ ಮಕ್ಕಳ ಅನ್ನಕ್ಕಾಗಿ ನಾಟಕ ಕಂಪನಿಯನ್ನೇ ಕಟ್ಟಿ ಊರೂರು ತಿರುಗಿಸಿದರು. ಅಂಥ ಊರಿನವರು ಆಶ್ಚರ್ಯಪಟ್ಟು ಸುಮ್ಮನಾಗುವುದಿಲ್ಲ. ‘ರಿಯಾಜು ಹೇಗೆ ಮಾಡಿದರು’ ಎಂದು ಕೇಳುತ್ತಾರೆ. ಬಾಲಣ್ಣನವರ ವಿಷಯದಲ್ಲೂ ಕೇಳಬೇಕಾದ ಪ್ರಶ್ನೆ ಅದೇ.

ಕಂಪನಿ ನಾಟಕದಲ್ಲಿ ಪಕ್ಕದ ಪರದೆಯ ಮರೆಯಲ್ಲಿ ಪ್ರಾಂಪ್ಟರ್ ಕೂತಿರುತ್ತಾನೆ. ನಟ ಮಾತು ಮರೆತರೆ ಮೆಲ್ಲಗೆ ಎತ್ತಿಕೊಡುವುದು ಅವನ ಕೆಲಸ. ಎಂಥ ದೊಡ್ಡ ನಟನಿಗೂ ಆ ಪಿಸುಮಾತು ಒಂದು ಧೈರ್ಯ. ಕಿವಿ ಕೇಳಿಸದ ನಟನಿಗೆ ಆ ಧೈರ್ಯವಿಲ್ಲ. ತನ್ನ ಮಾತು ಬಾಯಿಪಾಠ ಬಂದರಷ್ಟೇ ಸಾಲದು, ಎದುರಿನವನ ಮಾತೂ ಬರಬೇಕು, ಅವನ ಪಕ್ಕದವನದೂ ಬರಬೇಕು. ಯಾವ ಶಬ್ದಕ್ಕೆ ಅವನ ಬಾಯಿ ಹೇಗೆ ಮುಚ್ಚುತ್ತದೆ, ಮಾತು ಮುಗಿಸುವ ಮೊದಲು ಅವನು ಎಲ್ಲಿ ಉಸಿರು ತೆಗೆದುಕೊಳ್ಳುತ್ತಾನೆ, ಇವೆಲ್ಲ ಮೊದಲೇ ಕಣ್ಣಿಗೆ ಗೊತ್ತಿರಬೇಕು. ಹೀರೋ ಬೆನ್ನು ತಿರುಗಿಸಿ ನಿಂತು ಮಾತಾಡಿದರೆ ತುಟಿಯೂ ಕಾಣುವುದಿಲ್ಲ. ಆಗ ಭುಜದ ಏರಿಳಿತ ನೋಡಿಯೋ, ಮಾತಿನ ಉದ್ದವನ್ನು ಮನಸ್ಸಿನಲ್ಲಿ ಅಳೆದೋ ತನ್ನ ಸರದಿ ಹಿಡಿಯಬೇಕು.

ಇದಕ್ಕಿಂತ ಕಠಿಣವಾದದ್ದು ತನ್ನ ದನಿಯನ್ನೇ ಹದದಲ್ಲಿಡುವುದು. ನಾವು ಗಟ್ಟಿಯಾಗಿ ಮಾತಾಡುತ್ತಿದ್ದೇವೋ ಮೆಲ್ಲಗೋ ಎಂದು ನಮಗೆ ಹೇಳುವುದು ನಮ್ಮದೇ ಕಿವಿ. ಆ ಆಸರೆ ಇಲ್ಲದೆ ಬಾಲಣ್ಣ ಸಂಭಾಷಣೆಯ ಒಂದು ಶೈಲಿಯನ್ನೇ ಕಟ್ಟಿಕೊಂಡರು. ಎಳೆದು ಎಳೆದು ಆಡುವ ಮಾತು, ನಡುವೆ ತಟ್ಟನೆ ಏರುವ ದನಿ, ಕೊನೆಗೆ ತನ್ನೊಳಗೇ ಗೊಣಗಿಕೊಂಡಂತೆ ಇಳಿಯುವ ಪದ. ಜಿಪುಣ ಸಾಹುಕಾರನ ಪಾತ್ರದಲ್ಲಿ ಆ ಎಳೆತ ಕುತಂತ್ರವಾಗಿ ಕೇಳುತ್ತದೆ, ಮುದುಕನ ಪಾತ್ರದಲ್ಲಿ ಅಂತಃಕರಣವಾಗಿ ಕೇಳುತ್ತದೆ. ಕಣ್ಣು ಮುಚ್ಚಿ ಕೇಳಿದರೂ ಇದು ಬಾಲಣ್ಣನ ದನಿ ಎಂದು ಗುರುತು ಹಿಡಿಯಬಹುದು. ತನ್ನ ದನಿ ತನಗೆ ಕೇಳಿಸದವರು ಅದನ್ನು ಇಷ್ಟು ಗುರುತಿನ ದನಿಯಾಗಿ ಮಾಡಿದರು. ಕನ್ನಡ ಅಭಿನಯದ ಇತಿಹಾಸದಲ್ಲಿ ಇದಕ್ಕಿಂತ ದೊಡ್ಡ ಸಾಧನೆಗಳು ಹೆಚ್ಚಿಲ್ಲ ಎಂಬುದು ನನ್ನ ಅಭಿಪ್ರಾಯ.

ಇದರ ಫಲ ತೆರೆಯ ಮೇಲೆ ಬೇರೊಂದು ರೀತಿಯಲ್ಲೂ ಕಾಣುತ್ತದೆ. ಹಳೆಯ ಚಿತ್ರವೊಂದನ್ನು ಹಾಕಿ, ಹೀರೋ ಮಾತಾಡುವಾಗ ಹೀರೋನನ್ನು ಬಿಟ್ಟು ಎದುರಿನವರನ್ನು ನೋಡಿ. ಅನೇಕರು ತಮ್ಮ ಮಾತಿನ ಸರದಿ ಕಾಯುತ್ತ ನಿಂತಿರುತ್ತಾರೆ. ಬಾಲಣ್ಣನವರ ಕಣ್ಣು ಮಾತ್ರ ಎದುರಿನವರ ಮುಖವನ್ನು ಬಿಟ್ಟು ಅಲುಗುವುದಿಲ್ಲ. ಅವರಿಗೆ ಬೇರೆ ದಾರಿ ಇರಲಿಲ್ಲ, ಕಣ್ಣು ತೆಗೆದರೆ ಮಾತು ತಪ್ಪುತ್ತಿತ್ತು. ಆದರೆ ನೋಡುವ ನಮಗೆ ಅದು ಇಡೀ ಮೈಯಿಂದ ಕೇಳಿಸಿಕೊಳ್ಳುವ ಮನುಷ್ಯನಂತೆ ಕಾಣುತ್ತದೆ. ಅಷ್ಟು ಗಮನವಿಟ್ಟು ಒಬ್ಬರು ಕೇಳುತ್ತಿದ್ದರೆ ಹೇಳುವವನ ಮಾತಿಗೆ ತಾನಾಗಿಯೇ ತೂಕ ಬರುತ್ತದೆ. ಪೋಷಕ ನಟನ ಕೆಲಸವೆಂದರೆ ಇದೇ. ಎದುರಿನವನ ಮಾತಿಗೆ ತೂಕ ತಂದುಕೊಡುವುದು.

ಈ ಕೆಲಸ ಕಲಿಸಿದ ಶಾಲೆ ಕಂಪನಿ ನಾಟಕ. ಆ ಶಾಲೆಯ ಅಡಿಗಲ್ಲುಗಳಲ್ಲಿ ಒಂದು ಗದಗದಲ್ಲಿದೆ. 1870ರ ದಶಕದಲ್ಲಿ ಧಾರವಾಡ ಸೀಮೆಯ ತುಂಬ ಮರಾಠಿ ಕಂಪನಿಗಳ ಅಬ್ಬರ. ಆಗ ಮಾಸ್ತರಿಕೆ ಮಾಡುತ್ತಿದ್ದ ಸಕ್ಕರಿ ಬಾಳಾಚಾರ್ಯರು, ಅಂದರೆ ಶಾಂತಕವಿಗಳು, ಕನ್ನಡದಲ್ಲೇ ನಾಟಕ ಬರೆದು ಗದಗದಲ್ಲಿ ಕೃತಪುರ ನಾಟಕ ಮಂಡಳಿ ಕಟ್ಟಿದರು. ‘ಉಷಾಹರಣ’ ಆಡಿಸಿದರು. ಆಮೇಲೆ ಶಿರಹಟ್ಟಿ ವೆಂಕೋಬರಾಯರ ಕಂಪನಿ ಬಂತು. ಊರಿನ ಹೆಸರೇ ಕಂಪನಿಯ ಹೆಸರಾಗಿ, ‘ಶಿರಹಟ್ಟಿ ಕಂಪನಿ’ ಎಂದರೆ ಉತ್ತರ ಕರ್ನಾಟಕದ ತುಂಬ ಗುರುತು. ಗದಗನ್ನು ನೆಲೆಯಾಗಿ ಮಾಡಿಕೊಂಡ ಗರೂಡ ಸದಾಶಿವರಾಯರು ದತ್ತಾತ್ರೇಯ ನಾಟಕ ಮಂಡಳಿ ನಡೆಸಿದರು, ತಾವೇ ಬರೆದು ತಾವೇ ಅಭಿನಯಿಸಿ ‘ಅಭಿನಯ ಕೇಸರಿ’ ಎನಿಸಿದರು. ತೋಂಟದಾರ್ಯ ಮಠದ ಜಾತ್ರೆಗೋ ಬಾದಾಮಿ ಬನಶಂಕರಿ ಜಾತ್ರೆಗೋ ಕಂಪನಿಗಳು ಕ್ಯಾಂಪು ಹಾಕಿದರೆ ಸುತ್ತಲಿನ ಹಳ್ಳಿಗಳು ಚಕ್ಕಡಿ ಕಟ್ಟಿಕೊಂಡು ಬರುತ್ತಿದ್ದವು.

ಈ ಕಂಪನಿಗಳ ಚರಿತ್ರೆಯಲ್ಲಿ ಮಾಲೀಕರ ಹೆಸರು ಉಳಿದಿವೆ, ಹಾಡಿನ ರಾಜರ ಹೆಸರು ಉಳಿದಿವೆ. ಸೀನು ಹೊತ್ತವರ ಹೆಸರು ಉಳಿದಿಲ್ಲ. ಒಂದೇ ರಾತ್ರಿ ಮೊದಲ ಅಂಕದಲ್ಲಿ ದೂತ, ಎರಡನೆಯದರಲ್ಲಿ ಮಂತ್ರಿ, ಕೊನೆಗೆ ಸನ್ಯಾಸಿ ಆಗುವವರಿದ್ದರು. ನಡುವೆ ಹೊತ್ತು ಸಿಕ್ಕರೆ ಪರದೆಯ ಹಗ್ಗ ಎಳೆಯಬೇಕು. ಹೀರೋನ ಗಂಟಲು ಕಟ್ಟಿದರೆ ಅವನ ಪಾರ್ಟನ್ನೂ ಅಂದೇ ಹಾಕಬೇಕು. ಅದಕ್ಕಾಗಿ ಎಲ್ಲರ ಮಾತು ಎಲ್ಲರಿಗೂ ಬರುತ್ತಿತ್ತು. ಬಾಲಣ್ಣ ಮಾಡಿದ್ದನ್ನು ಈ ನಟರು ಒಂದಿಷ್ಟರ ಮಟ್ಟಿಗೆ ದಿನವೂ ಮಾಡುತ್ತಿದ್ದರು. ಅವರಿಗೆ ಕಿವಿ ಇತ್ತು, ಬಾಲಣ್ಣನವರಿಗೆ ಇರಲಿಲ್ಲ, ವ್ಯತ್ಯಾಸ ಅಷ್ಟೇ.

ಮಾತಿನ ಚಿತ್ರ ಬಂದಾಗ ಅದಕ್ಕೆ ಸಿದ್ಧವಾಗಿ ಸಿಕ್ಕವರು ಇದೇ ಮಂದಿ. 1934ರ ‘ಸತಿ ಸುಲೋಚನಾ’ ಕನ್ನಡದ ಮೊದಲ ವಾಕ್ಚಿತ್ರ. ಅದು ತಯಾರಾದದ್ದು ನಮಗೆ ಹತ್ತಿರದ ಕೊಲ್ಲಾಪುರದಲ್ಲಿ. ಅದರ ಇಂದ್ರಜಿತು ಎಂ.ವಿ. ಸುಬ್ಬಯ್ಯ ನಾಯ್ಡು, ರಾವಣ ಆರ್. ನಾಗೇಂದ್ರರಾಯರು, ಇಬ್ಬರೂ ರಂಗಭೂಮಿಯವರೇ. ಆದರೆ ಅಲ್ಲಿಂದ ಮುಂದೆ ಕನ್ನಡ ಸಿನಿಮಾದ ದಾರಿ ಮೈಸೂರು ಮತ್ತು ಮದ್ರಾಸಿನ ಕಡೆ ತಿರುಗಿತು. ಮುಂಬೈ ಪ್ರಾಂತದಲ್ಲಿದ್ದ ನಮ್ಮ ಕಡೆಯ ಕಲಾವಿದರಿಗೆ ಆ ದಾರಿ ದೂರ. ಬಹುತೇಕರು ಕಂಪನಿಯಲ್ಲೇ ಉಳಿದು ಕಂಪನಿಯಲ್ಲೇ ಮುದುಕರಾದರು. ನಾಟಕಗಳು ಮಾತ್ರ ತೆರೆ ಸೇರಿದವು. ಪಿ.ಬಿ. ಧುತ್ತರಗಿಯವರ ‘ಸಂಪತ್ತಿಗೆ ಸವಾಲ್’ ನಮ್ಮ ಹಳ್ಳಿಗಳಲ್ಲಿ ಮನೆಮಾತಾಗಿದ್ದ ನಾಟಕ. 1974ರಲ್ಲಿ ಅದು ರಾಜ್‌ಕುಮಾರ್ ಚಿತ್ರವಾಯಿತು.

‘ರಾಧಾ ರಮಣ’ಕ್ಕೆ ಮರಳೋಣ. ಎಂ.ವಿ. ರಾಜಮ್ಮನವರು ನಿರ್ಮಿಸಿದ ಈ ಚಿತ್ರದಿಂದಲೇ ಜಿ.ವಿ. ಅಯ್ಯರ್ ಕೂಡ ತೆರೆಗೆ ಬಂದರು. ಆಗ ವರ್ಷಕ್ಕೆ ಬರುತ್ತಿದ್ದ ಕನ್ನಡ ಚಿತ್ರಗಳನ್ನು ಒಂದು ಕೈಯ ಬೆರಳಲ್ಲಿ ಎಣಿಸಬಹುದಿತ್ತು, ನಟನೆ ನಂಬಿ ಬದುಕುವುದು ಕಷ್ಟವಿತ್ತು. 1954ರಲ್ಲಿ ಎಚ್.ಎಲ್.ಎನ್. ಸಿಂಹ ಅವರ ‘ಬೇಡರ ಕಣ್ಣಪ್ಪ’ ಬಂದು ಮುತ್ತುರಾಜ ರಾಜ್‌ಕುಮಾರ್ ಆದ ಮೇಲೂ ಸ್ಥಿತಿ ಬೇಗ ಸುಧಾರಿಸಲಿಲ್ಲ. ಐವತ್ತರ ದಶಕದ ಕೊನೆಗೆ ಚಿತ್ರಗಳಿಲ್ಲದೆ ಕಲಾವಿದರು ಕೈಕಟ್ಟಿ ಕೂಡುವ ಹೊತ್ತು ಬಂದಾಗ ರಾಜ್‌ಕುಮಾರ್, ನರಸಿಂಹರಾಜು, ಬಾಲಕೃಷ್ಣ, ಅಯ್ಯರ್ ಸೇರಿ ಕನ್ನಡ ಚಲನಚಿತ್ರ ಕಲಾವಿದರ ಸಂಘ ಕಟ್ಟಿದರು. ಮತ್ತೆ ಬಣ್ಣ ಹಚ್ಚಿಕೊಂಡು ಊರೂರಿಗೆ ಹೋಗಿ ನಾಟಕ ಆಡಿದರು. ಸಂಘದ ಹೆಸರಿನಲ್ಲಿ 1960ರಲ್ಲಿ ‘ರಣಧೀರ ಕಂಠೀರವ’ ತೆಗೆದರು. ಈ ನಾಲ್ವರಲ್ಲಿ ನಾಯಕ ನಟ ಒಬ್ಬರೇ. ಹೀರೋ ಜೊತೆಗೆ ಒಬ್ಬ ಹಾಸ್ಯಗಾರ, ಒಬ್ಬ ಪೋಷಕ ನಟ, ಒಬ್ಬ ಬರಹಗಾರ ಸಮಸಮ ಹೆಗಲು ಕೊಟ್ಟು ಚಿತ್ರವೊಂದನ್ನು ಎತ್ತಿ ನಿಲ್ಲಿಸಿದ ಆ ಕಾಲ ಇಂದಿನ ಚಿತ್ರರಂಗಕ್ಕೆ ನೆನಪಿರಬೇಕು.

ಅರವತ್ತರ ದಶಕದಲ್ಲಿ ಬಾಲಣ್ಣ ಮತ್ತು ನರಸಿಂಹರಾಜು ಒಟ್ಟಿಗೆ ಬಂದರೆ ಥೇಟರಿನಲ್ಲಿ ನಗೆಯ ಅಲೆ ಏಳುತ್ತಿತ್ತು. ಒಬ್ಬರದು ಹಲ್ಲು ತೋರಿಸುವ ಮುಗ್ಧತೆ, ಇನ್ನೊಬ್ಬರದು ಮೂತಿ ತಿರುಗಿಸುವ ಕಪಟ. ಆದರೆ ಬಾಲಣ್ಣನವರ ನಿಜವಾದ ಎತ್ತರ ಕಾಣುವುದು ಎಪ್ಪತ್ತರ ದಶಕದ ಆರಂಭದ ಎರಡು ಚಿತ್ರಗಳಲ್ಲಿ.

ಮೊದಲನೆಯದು 1971ರ ‘ಕಸ್ತೂರಿ ನಿವಾಸ’, ದೊರೈ-ಭಗವಾನ್ ನಿರ್ದೇಶನ. ಕೊಡುವುದನ್ನು ಬಿಟ್ಟು ಬೇರೇನೂ ಗೊತ್ತಿಲ್ಲದ ಶ್ರೀಮಂತನೊಬ್ಬ ಎಲ್ಲ ಕಳೆದುಕೊಳ್ಳುವ ಕಥೆ. ದುಡ್ಡಿದ್ದಾಗ ಸುತ್ತ ಇದ್ದವರು ಚದುರುತ್ತಾರೆ, ರಾಮಯ್ಯ ಮಾತ್ರ ಬಿಟ್ಟುಹೋಗುವುದಿಲ್ಲ. ಆ ರಾಮಯ್ಯ ಬಾಲಣ್ಣ. ಒಡೆಯನ ಅಭಿಮಾನಕ್ಕೆ ನೋವಾಗಬಾರದು, ಅವನ ಹಸಿವು ಮಾತ್ರ ತನಗೆ ಗೊತ್ತು. ಈ ಎರಡರ ನಡುವೆ ಸಿಕ್ಕ ಮನುಷ್ಯನನ್ನು ಅವರು ಹೆಚ್ಚು ಮಾತಿಲ್ಲದೆ ನಿಲ್ಲಿಸುತ್ತಾರೆ. ಆ ಒಡೆಯನಾಗಿ ರಾಜ್‌ಕುಮಾರ್ ಅಳುವುದಿಲ್ಲ, ಆ ಪಾತ್ರ ಅಳಕೂಡದು. ಅವರ ಪಾಲಿನ ಅಳುವನ್ನು ರಾಮಯ್ಯ ತನ್ನ ಮುಖದಲ್ಲಿ ಹೊರುತ್ತಾನೆ. ಬಂಡಿಯ ಸೊಬಗನ್ನು ಹೊಗಳುವ ಮಂದಿ ಕಡೆಗೀಲನ್ನು ನೋಡುವುದಿಲ್ಲ. ‘ಕಸ್ತೂರಿ ನಿವಾಸ’ದ ಕಡೆಗೀಲು ಬಾಲಣ್ಣ. 2014ರಲ್ಲಿ ಚಿತ್ರಕ್ಕೆ ಬಣ್ಣ ತುಂಬಿ ಮತ್ತೆ ಬಿಡುಗಡೆ ಮಾಡಿದಾಗ, ಹುಟ್ಟುವ ಮೊದಲೇ ಬಂದುಹೋಗಿದ್ದ ಚಿತ್ರಕ್ಕೆ ಹೊಸ ತಲೆಮಾರಿನವರು ಕಣ್ಣೊರೆಸಿಕೊಂಡರು.

ಎರಡನೆಯದು 1972ರ ‘ಬಂಗಾರದ ಮನುಷ್ಯ’. ಟಿ.ಕೆ. ರಾಮರಾಯರ ಕಾದಂಬರಿ, ಸಿದ್ಧಲಿಂಗಯ್ಯನವರ ನಿರ್ದೇಶನ. ಬೆಂಗಳೂರಿನ ಒಂದೇ ಥೇಟರಿನಲ್ಲಿ ಎರಡು ವರ್ಷ ಓಡಿದ ಚಿತ್ರ. ಇದನ್ನು ನೋಡಿ ಪಟ್ಟಣ ಬಿಟ್ಟು ಹೊಲಕ್ಕೆ ಮರಳಿದ ಹುಡುಗರ ಮಾತು ನಾಡಿನ ತುಂಬ ಇದೆ. ಮುಂಡರಗಿ, ಶಿರಹಟ್ಟಿ ಕಡೆಯ ಮಳೆ ನಂಬಿದ ರೈತರಿಗೆ ಕಲ್ಲುಭೂಮಿ ಒಡೆದು ಬೆಳೆ ತೆಗೆಯುವ ರಾಜೀವ ದೂರದವನಾಗಿ ಕಾಣಲಿಲ್ಲ. ಆ ರಾಜೀವನಿಗೆ ಊರಿನಲ್ಲಿ ಬೆನ್ನಿಗೆ ನಿಲ್ಲುವ ಹಿರಿಯ ರಾಚೂಟಪ್ಪ, ಅದು ಬಾಲಣ್ಣ. ಹೆಸರೂ ನಮ್ಮ ಕಡೆಯದು, ಆಡುವ ರೀತಿಯೂ ನಮ್ಮ ಊರಿನ ಕಟ್ಟೆಯ ಮೇಲಿನ ಹಿರಿಯರದು. ಒಳಗಿನ ಪ್ರೀತಿಯನ್ನು ನೇರ ಹೇಳದೆ ಗದರಿಕೆಯಲ್ಲಿ ಸುತ್ತಿ ಕೊಡುವುದು. ಒಂದು ಹಳ್ಳಿ ಹೊರಗಿನಿಂದ ಬಂದವನನ್ನು ತನ್ನವನೆಂದು ಒಪ್ಪಿಕೊಳ್ಳುವುದನ್ನು ತೋರಿಸಲು ಇಡೀ ಊರನ್ನು ತೆರೆಗೆ ತರಲಾಗದು. ರಾಚೂಟಪ್ಪನೊಬ್ಬ ಒಪ್ಪಿಕೊಂಡರೆ ಊರು ಒಪ್ಪಿದ ಹಾಗೆ. ಹಾಗೆ ಒಬ್ಬ ನಟ ಒಂದು ಊರಿನ ಪರವಾಗಿ ನಿಲ್ಲಬೇಕಾದರೆ ಅವರ ಮುಖದಲ್ಲಿ ಊರು ಕಾಣಬೇಕು. ಬಾಲಣ್ಣನವರ ಮುಖದಲ್ಲಿ ಕಾಣುತ್ತಿತ್ತು.

ಪೋಷಕ ನಟನ ಇಂಥ ಎತ್ತರದ ಮಾತು ಬಂದಾಗ ಜಪಾನಿನ ನಟರೊಬ್ಬರನ್ನು ನೆನೆಯಬೇಕು. ತಕಾಶಿ ಶಿಮುರಾ, 1905ರಲ್ಲಿ ಹ್ಯೋಗೊ ಪ್ರಾಂತದ ಇಕುನೊ ಎಂಬ ಗಣಿ ಊರಿನಲ್ಲಿ ಹುಟ್ಟಿದವರು. ಒಸಾಕಾ ನಗರದ ನೀರು ಸರಬರಾಜು ಕಚೇರಿಯಲ್ಲಿ ನೌಕರಿ ಮಾಡುತ್ತ ಕಾಲೇಜು ಓದಿದರು, ನಾಟಕದ ಹುಚ್ಚು ಹತ್ತಿ ನೌಕರಿ ಬಿಟ್ಟರು, ತಿರುಗುವ ತಂಡಗಳಲ್ಲಿ ಅಲೆದು 1934ರಲ್ಲಿ ಸಿನಿಮಾ ಸೇರಿದರು. ನಮ್ಮ ‘ಸತಿ ಸುಲೋಚನಾ’ ಬಂದ ವರ್ಷವೂ ಅದೇ. ಜಪಾನ್ ಯುದ್ಧದಲ್ಲಿ ಸೋತು ನೆಲಕಚ್ಚಿದ ಮೇಲೆ ಅಲ್ಲಿನ ಸಿನಿಮಾ ಜಗತ್ತಿನ ಕಣ್ಣು ಸೆಳೆದ ಕಾಲದ ನಿರ್ದೇಶಕ ಅಕಿರಾ ಕುರೊಸಾವ ಎಂದಾಕ್ಷಣ ಹೊರಗಿನವರು ನಟ ತೊಶಿರೊ ಮಿಫುನೆಯ ಹೆಸರು ಹೇಳುತ್ತಾರೆ. ಲೆಕ್ಕ ಬೇರೆಯೇ ಇದೆ. ಕುರೊಸಾವರ 30 ಚಿತ್ರಗಳಲ್ಲಿ ಮಿಫುನೆ ಇದ್ದದ್ದು 16ರಲ್ಲಿ, ಶಿಮುರಾ ಇದ್ದದ್ದು 21ರಲ್ಲಿ.

1950ರ ‘ರಾಶೋಮನ್’ ಚಿತ್ರದಲ್ಲಿ ಅವರು ಕಟ್ಟಿಗೆ ಕಡಿಯುವವ. ಒಂದು ಕೊಲೆಯನ್ನು ನಾಲ್ಕು ಮಂದಿ ನಾಲ್ಕು ಬಗೆಯಲ್ಲಿ ಹೇಳುತ್ತಾರೆ, ಕಟ್ಟಿಗೆಯವನು ತಲೆಯ ಮೇಲೆ ಕೈ ಹೊತ್ತು, ಮಳೆಗೆ ಮರೆಯಾಗಿ ಪಾಳು ಹೆಬ್ಬಾಗಿಲ ಕೆಳಗೆ ಕೂತಿರುತ್ತಾನೆ. ಚಿತ್ರ ಮುಂದಿನ ವರ್ಷ ವೆನಿಸ್‌ನಲ್ಲಿ ಚಿನ್ನದ ಸಿಂಹ ಗೆದ್ದಿತು. 1952ರ ‘ಇಕಿರು’ ಚಿತ್ರದಲ್ಲಿ ಅವರೇ ಮುಖ್ಯ ಪಾತ್ರ. ಕಡತಗಳಿಗೆ ಮುದ್ರೆ ಒತ್ತುತ್ತ ಮೂವತ್ತು ವರ್ಷ ಕಳೆದ ಕಚೇರಿಯ ಮುಖ್ಯಸ್ಥನಿಗೆ ಹೊಟ್ಟೆಯ ಕ್ಯಾನ್ಸರ್ ಎಂದು ಗೊತ್ತಾಗುತ್ತದೆ. ಉಳಿದ ತಿಂಗಳುಗಳಲ್ಲಿ ಅವನು ಮಕ್ಕಳಿಗೊಂದು ಆಟದ ಬಯಲು ಮಾಡಿಸಿ ಸಾಯುತ್ತಾನೆ. ಸರ್ಕಾರಿ ಕಚೇರಿಯ ಮೇಜಿನಿಂದ ಮೇಜಿಗೆ ಅಲೆದ ಯಾರಿಗೂ ಈ ಚಿತ್ರ ಜಪಾನಿನದೆಂದು ಅನ್ನಿಸುವುದಿಲ್ಲ. 1954ರಲ್ಲಿ ‘ಸೆವೆನ್ ಸಮುರಾಯ್’ ಬಂತು. ಡಕಾಯಿತರ ಕಾಟಕ್ಕೆ ಸಿಕ್ಕ ರೈತರ ಊರನ್ನು ಕಾಯುವ ಏಳು ಯೋಧರ ಮುಖಂಡ ಕಾಂಬೆಯಾಗಿ ಶಿಮುರಾ ನಿಂತರು. ಮಿಫುನೆ ಕುಣಿಯುತ್ತಾರೆ, ಕಿರುಚುತ್ತಾರೆ, ಉರುಳುತ್ತಾರೆ. ಶಿಮುರಾ ಬೋಳುತಲೆಯ ಮೇಲೆ ಕೈಯಾಡಿಸಿ ಯೋಚಿಸುತ್ತಾರೆ. ಆ ಯೋಚನೆಯ ಸುತ್ತಲೇ ಮೂರು ಗಂಟೆಗೂ ಮೀರಿದ ಚಿತ್ರ ನಿಂತಿದೆ. ಅದೇ ವರ್ಷದ ‘ಗಾಡ್ಜಿಲ್ಲಾ’ದಲ್ಲಿ ದೈತ್ಯ ಪ್ರಾಣಿಯನ್ನು ಕೊಲ್ಲುವುದಕ್ಕಿಂತ ಅಭ್ಯಾಸ ಮಾಡುವುದು ಮುಖ್ಯ ಎನ್ನುವ ವಿಜ್ಞಾನಿಯೂ ಅವರೇ.

ಇಷ್ಟಾದ ಮೇಲೂ ಶಿಮುರಾ ಚಿಕ್ಕ ಪಾತ್ರಗಳಿಗೆ ಮರಳಿದರು. ‘ಯೋಜಿಂಬೊ’ದಲ್ಲಿ ಸಾರಾಯಿ ವ್ಯಾಪಾರಿ, ‘ಹೈ ಅಂಡ್ ಲೋ’ದಲ್ಲಿ ಪೊಲೀಸ್ ಅಧಿಕಾರಿ, ಕೆಲವು ನಿಮಿಷಗಳ ಕೆಲಸ. 1980ರ ‘ಕಾಗೆಮುಶಾ’ದಲ್ಲಿ ಕುರೊಸಾವ ಅವರಿಗೆಂದೇ ಒಂದು ಪಾತ್ರ ಬರೆದರು. ಹೊರದೇಶಗಳಿಗೆ ಕಳಿಸಿದ ಪ್ರತಿಯಲ್ಲಿ ಆ ದೃಶ್ಯಗಳಿಗೆ ಕತ್ತರಿ ಬಿತ್ತು. ಚಿತ್ರ ಉದ್ದವಾದಾಗ ಮೊದಲು ಕತ್ತರಿ ಬೀಳುವುದು ಪೋಷಕ ನಟರಿಗೇ, ಅದು ತೋಕಿಯೊ ಆಗಲಿ ಬೆಂಗಳೂರಾಗಲಿ. ಎರಡು ವರ್ಷಗಳ ನಂತರ ಅವರು ತೀರಿಕೊಂಡರು.

ಶಿಮುರಾ ಮತ್ತು ಬಾಲಣ್ಣನವರ ನಡುವೆ ಒಂದು ವ್ಯತ್ಯಾಸವನ್ನು ನಾನು ಮರೆಮಾಚಲಾರೆ. ಜಪಾನಿನಲ್ಲಿ ತೋಹೊದಂಥ ಸ್ಟುಡಿಯೊಗಳು ನಟರನ್ನು ವರ್ಷಗಟ್ಟಲೆ ಕರಾರಿನ ಮೇಲೆ ಇಟ್ಟುಕೊಳ್ಳುತ್ತಿದ್ದವು. ನಿರ್ದೇಶಕನ ಸುತ್ತ ಅದೇ ನಟರು, ಅದೇ ಕ್ಯಾಮೆರಾ ತಂಡ. ಅದರಿಂದ ಕುರೊಸಾವರಿಗೆ 47 ವರ್ಷದ, ಸುಂದರನಲ್ಲದ ನಟನನ್ನು ನಡುವೆ ಕೂಡಿಸಿ ಚಿತ್ರ ತೆಗೆಯುವ ಧೈರ್ಯ ಬಂತು. ನಮ್ಮಲ್ಲಿ ಆ ಆಸರೆ ಇರಲಿಲ್ಲ. ಚಿತ್ರದಿಂದ ಚಿತ್ರಕ್ಕೆ ನಟ ತಾನೇ ದಾರಿ ಹುಡುಕಿಕೊಳ್ಳಬೇಕು. ಬಾಲಣ್ಣನವರಿಗೆ ಒಂದು ‘ಇಕಿರು’ ಸಿಗಲಿಲ್ಲ. ಅವರನ್ನು ನಡುವೆ ನಿಲ್ಲಿಸಿ ಅಂಥದ್ದೊಂದು ಚಿತ್ರ ತೆಗೆಯದೆ ಹೋದದ್ದು ಕನ್ನಡ ಸಿನಿಮಾದ ನಷ್ಟ.

ಸ್ಟುಡಿಯೊ ಇಲ್ಲದ ಕೊರತೆಯನ್ನು ಅವರಷ್ಟು ಆಳವಾಗಿ ಅನುಭವಿಸಿದವರು ಇನ್ನೊಬ್ಬರಿಲ್ಲವೇನೋ. ಮೈಸೂರಿನ ಪ್ರೀಮಿಯರ್ ಸ್ಟುಡಿಯೊ ಇತ್ತು ನಿಜ. ಆದರೂ ಕನ್ನಡ ಚಿತ್ರವೆಂದರೆ ಮದ್ರಾಸಿಗೆ ಹೋಗಿ, ಅಲ್ಲಿನ ಫ್ಲೋರು ಖಾಲಿಯಾಗುವವರೆಗೆ ಕಾದು ತೆಗೆಯಬೇಕಾದ ಚಿತ್ರ ಎಂಬ ಸ್ಥಿತಿ ಬಹಳ ಕಾಲ ಇತ್ತು. ಬೆಂಗಳೂರಿನ ಮೈಸೂರು ರಸ್ತೆಯಲ್ಲಿ, ಕೆಂಗೇರಿಯ ಸಮೀಪ, ಸರ್ಕಾರ ಕೊಟ್ಟ 20 ಎಕರೆಯಲ್ಲಿ ಬಾಲಣ್ಣ ‘ಅಭಿಮಾನ್ ಸ್ಟುಡಿಯೊ’ ಕಟ್ಟಲು ಹೊರಟರು. ಹೀರೋಗಳೂ ಮಾಡದ ಸಾಹಸಕ್ಕೆ ಕಿವಿ ಕೇಳಿಸದ ಪೋಷಕ ನಟರೊಬ್ಬರು ಕೈಹಾಕಿದರು. ಆ ಸ್ಟುಡಿಯೊ ಅವರು ಬಯಸಿದಷ್ಟು ಬೆಳೆಯಲಿಲ್ಲ. 2009ರ ಡಿಸೆಂಬರ್ 30ರಂದು ವಿಷ್ಣುವರ್ಧನ್ ತೀರಿಕೊಂಡಾಗ ಅಂತ್ಯಸಂಸ್ಕಾರ ನಡೆದದ್ದು ಅದೇ ನೆಲದಲ್ಲಿ. ಸ್ಮಾರಕದ ತಕರಾರು ವರ್ಷಗಟ್ಟಲೆ ನಡೆದು, 2025ರ ಆಗಸ್ಟ್‌ನಲ್ಲಿ ಸಮಾಧಿಯನ್ನು ಕೆಡವಿದಾಗ ಅಭಿಮಾನಿಗಳ ಎದೆ ಒಡೆಯಿತು. ಆ ದಿನಗಳ ಸುದ್ದಿಯಲ್ಲೆಲ್ಲ ಬಾಲಣ್ಣನವರ ಹೆಸರು ಬಂದದ್ದು ಹೆಚ್ಚಾಗಿ ಜಮೀನಿನ ದಾಖಲೆಯ ಸಂಬಂಧವಾಗಿ. ಆ ನೆಲದಲ್ಲಿ ಕನ್ನಡ ಚಿತ್ರಗಳು ತಯಾರಾಗಬೇಕು ಎಂದು ಒಬ್ಬ ನಟ ಹಂಬಲಿಸಿದ್ದರು ಎಂಬ ಮಾತನ್ನು ಹೇಳಿದವರು ಕಡಿಮೆ. ನನಗೆ ಅದು ಬಹಳ ನೋವು ತಂದಿತು.

ಬಾಲಣ್ಣ ಒಬ್ಬರೇ ಅಲ್ಲ. ಕೆ.ಎಸ್. ಅಶ್ವತ್ಥ್ 1955ರ ‘ಸ್ತ್ರೀರತ್ನ’ದಲ್ಲಿ ಬಂದು, ಮುಂದೆ ತಂದೆ, ಅಣ್ಣ, ನಾರದ, ಮೇಷ್ಟ್ರು ಆಗಿ ನೂರಾರು ಚಿತ್ರಗಳಲ್ಲಿ ನಿಂತರು. 1972ರ ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟ್ರು ಇಲ್ಲದೆ ರಾಮಾಚಾರಿ ಇಲ್ಲ. ವಿಷ್ಣುವರ್ಧನ್ ತೀರಿಕೊಂಡು ಮೂರು ವಾರ ಕಳೆಯುವ ಮೊದಲೇ, 2010ರ ಜನವರಿ 18ರಂದು ಅಶ್ವತ್ಥ್ ಕೂಡ ಹೋದರು. ಸಿ.ಎಚ್. ಲೋಕನಾಥ್ ‘ಭೂತಯ್ಯನ ಮಗ ಅಯ್ಯು’ ಚಿತ್ರದಲ್ಲಿ ಉಪ್ಪಿನಕಾಯಿ ತಿಂದ ಒಂದೇ ದೃಶ್ಯದಿಂದ ನಾಡಿನ ಮನೆ ಮನೆಯಲ್ಲಿ ಉಳಿದರು. ಗಿರೀಶ ಕಾರ್ನಾಡರು ಕುರೊಸಾವರ ಸಮುರಾಯ್ ಚಿತ್ರಗಳಿಂದ ಪ್ರೇರಣೆ ಪಡೆದು 1978ರಲ್ಲಿ ‘ಒಂದಾನೊಂದು ಕಾಲದಲ್ಲಿ’ ತೆಗೆದಾಗ ಶಂಕರ್ ನಾಗ್ ರಾಷ್ಟ್ರದ ಗಮನ ಸೆಳೆದರು, ಅದು ಸರಿಯೇ. ಆದರೆ ಎದುರಾಳಿ ಪಾಳೆಯದ ಹಿರಿಯ ಯೋಧನಾಗಿ ಸುಂದರ್ ಕೃಷ್ಣ ಅರಸ್ ನಿಲ್ಲದಿದ್ದರೆ ಶಂಕರ್ ಕತ್ತಿ ಬೀಸುವುದು ಯಾರ ಮೇಲೆ? ಆ ಚಿತ್ರದಲ್ಲಿ ಅರಸರ ದನಿಯ ಗಾಂಭೀರ್ಯ ಕೇಳಿದಾಗೆಲ್ಲ ನನಗೆ ಶಿಮುರಾ ನೆನಪಾಗುತ್ತಾರೆ.

ನಮ್ಮ ದೇಶದ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳು ಐವತ್ತರ ದಶಕದಲ್ಲೇ ಶುರುವಾದರೂ ಪೋಷಕ ನಟರಿಗೆಂದು ಪ್ರತ್ಯೇಕ ಪ್ರಶಸ್ತಿ ಬಂದದ್ದು 1984ರ ಸಾಲಿನಿಂದ. ಅಷ್ಟರಲ್ಲಿ ಬಾಲಣ್ಣನವರ ಮುಖ್ಯ ಪಾತ್ರಗಳೆಲ್ಲ ಮುಗಿದಿದ್ದವು.

ಪ್ರಶಸ್ತಿಯ ಮಾತು ಇರಲಿ. ಸಿನಿಮಾ ನಟರ ಕೆಲಸ ಕಡೇಪಕ್ಷ ರೀಲಿನಲ್ಲಿ ಉಳಿದಿದೆ. ಇಂದು ರಾತ್ರಿ ಬೇಕಾದರೆ ‘ಕಸ್ತೂರಿ ನಿವಾಸ’ ಹಾಕಿಕೊಂಡು ರಾಮಯ್ಯನನ್ನು ನೋಡಬಹುದು. ನಮ್ಮ ಜಿಲ್ಲೆಯ ಕಂಪನಿ ನಟರಿಗೆ ಅದೂ ಇಲ್ಲ. ಹಳ್ಳಿಗಳಲ್ಲಿ ಇಂದಿಗೂ ಜಾತ್ರೆಗೆ ಸಾಮಾಜಿಕ ನಾಟಕ ಆಡುತ್ತಾರೆ. ಹಾರ್ಮೋನಿಯಂ ಮಾಸ್ತರು ಬಂದು ತಿಂಗಳುಗಟ್ಟಲೆ ತಾಲೀಮು ಕೊಡುತ್ತಾರೆ. ಹೀರೋ ಪಾರ್ಟಿಗೆ ಪೈಪೋಟಿ ಇರುತ್ತದೆ, ಹೆಚ್ಚು ಪಟ್ಟಿ ಕೊಟ್ಟವನಿಗೆ ಹೀರೋ ಪಾರ್ಟು ಎಂಬ ಪದ್ಧತಿಯೂ ಎಷ್ಟೋ ಊರುಗಳಲ್ಲಿದೆ. ತಂದೆಯ ಪಾರ್ಟು, ಗೌಡನ ಮನೆಯ ಆಳಿನ ಪಾರ್ಟು ಕೊನೆಗೆ ಉಳಿಯುತ್ತವೆ. ಅವನ್ನು ಹಾಕಲು ಊರಿನಲ್ಲಿ ಒಬ್ಬ ಹಳಬ ಇರುತ್ತಾನೆ. ನಾಟಕ ನಡುವೆ ದಾರಿ ತಪ್ಪಿದರೆ ತನ್ನದಲ್ಲದ ಮಾತನ್ನೂ ಆಡಿ ಸೀನನ್ನು ದಡ ಮುಟ್ಟಿಸುವವನು ಅವನೇ. ಅವನಿಗೆ ಕಂಪನಿಯ ಗಾಳಿ ತಗುಲಿರುತ್ತದೆ, ಇಲ್ಲವೆ ಕಂಪನಿಯಲ್ಲಿದ್ದ ಹಿರಿಯರಿಂದ ಕಲಿತಿರುತ್ತಾನೆ. ಹಾಗೆಯೇ ಹೆಣ್ಣು ಪಾರ್ಟಿಗೆ ಊರೂರು ತಿರುಗಿ, ಒಂದೇ ದಿನದ ತಾಲೀಮಿನಲ್ಲಿ ಇಡೀ ನಾಟಕ ಹಿಡಿದು, ರಾತ್ರಿ ಆಡಿ, ಬೆಳಿಗ್ಗೆ ಬಸ್ಸು ಹತ್ತುವ ನಟಿಯರಿದ್ದಾರೆ. ಬಾಲಣ್ಣ ತುಟಿ ನೋಡಿ ಕಲಿತ ವಿದ್ಯೆಗೂ ಇವರ ವಿದ್ಯೆಗೂ ಮೂಲ ಒಂದೇ.

ಇವರ ಬಗ್ಗೆ ಬರೆದಿಟ್ಟದ್ದು ತೀರಾ ಕಡಿಮೆ. ಕಂಪನಿ ಕಂಡವರಿಗೆ ಈಗ ಎಪ್ಪತ್ತು, ಎಂಬತ್ತು ದಾಟಿದೆ. ಗದಗ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಯ ಕಾಲೇಜುಗಳಲ್ಲಿ ಕನ್ನಡ ಕಲಿಸುವವರು ತಮ್ಮ ವಿದ್ಯಾರ್ಥಿಗಳಿಗೆ ಈ ಕೆಲಸ ಒಪ್ಪಿಸಬೇಕು. ಅವರ ಕೈಯಲ್ಲಿರುವ ಮೊಬೈಲೇ ಸಾಕು. ಹಳೆಯ ನಟರನ್ನು ಕೂಡಿಸಿ ಒಂದು ಸೀನು ಆಡಿಸಿ, ಯಾವ ಕಂಪನಿ, ಯಾವ ಪಾರ್ಟು, ಯಾರ ಎದುರು, ಎಷ್ಟು ಪಗಾರ ಎಂದು ಕೇಳಿ ರೆಕಾರ್ಡ್ ಮಾಡಿಕೊಳ್ಳಲಿ. ನಾಟಕ ಅಕಾಡೆಮಿ ಈ ಧ್ವನಿಗಳನ್ನು ಒಂದೆಡೆ ಕೂಡಿಡಲಿ. ನಿಮ್ಮ ಮನೆಯ ಟ್ರಂಕಿನಲ್ಲಿ ಕಂಪನಿಯ ಹ್ಯಾಂಡ್‌ಬಿಲ್ಲು, ಪಾರ್ಟು ಬರೆದ ವಹಿ, ಬಣ್ಣ ಹಚ್ಚಿ ಸಾಲಾಗಿ ನಿಂತ ಹಳೆಯ ಫೋಟೊ ಇದ್ದರೆ ರದ್ದಿಗೆ ಹಾಕಬೇಡಿ. ಫೋಟೊದಲ್ಲಿ ಹಿಂದಿನ ಸಾಲಿನಲ್ಲಿ ನಿಂತವರ ಹೆಸರನ್ನು ಗೊತ್ತಿರುವ ಹಿರಿಯರಿಂದ ಕೇಳಿ ಈ ವಾರವೇ ಅದರ ಬೆನ್ನಿಗೆ ಬರೆದಿಡಿ.